ಹರಿವಾಣಕ್ಕೆ ತಾಗಿದ ಕಾಲು

ಇನ್ನಂಜೆಯ ಸರ್ವೋತ್ತಮನನ್ನು ನೀವು ನೋಡಿದ್ದೀರಿ. ಇಲ್ಲ ಎಂದು ಮಾತ್ರ ಹೇಳಬೇಡಿ, ಅವನಿಗೆ ಬೇಸರವಾಗುತ್ತದೆ. ಆಪರೇಷನ್ ಕೋಣೆಯ ಬಾಗಿಲು ತೆರೆದು ಹೊರಬಂದು, ಕನ್ನಡಕ ತೆಗೆದು, ದೇವರ ಮೇಲೆ ಭಾರ ಹಾಕಿ ಎಂದು ಹೇಳಿ ಮತ್ತೆ ಒಳಗೆ ಹೋದ ಡಾಕ್ಟರು ಅವನೇ. ನಾಯಕಿಯ ಮದುವೆ ಮುರಿದುಬಿದ್ದಾಗ ಮೂರನೆಯ ಸಾಲಿನಲ್ಲಿ ಕುಳಿತು ಪಕ್ಕದವರ ಕಿವಿಯಲ್ಲಿ ಪಿಸುಗುಟ್ಟಿದವನೂ ಅವನೇ. ತುಳು ಸಿನೆಮಾಗಳಲ್ಲಿ ಅವನು ಪೋಸ್ಟ್‌ಮ್ಯಾನ್ ಆಗಿದ್ದಾನೆ, ಪಂಚಾಯತ್ ಮೆಂಬರ್ ಆಗಿದ್ದಾನೆ, ನಾಯಕನ ಬೈಕಿಗೆ ಅಡ್ಡ ಬಂದು ಬೈಸಿಕೊಳ್ಳುವ ದಾರಿಹೋಕ ಆಗಿದ್ದಾನೆ. ಒಂದು ಚಿತ್ರದಲ್ಲಿ ಹೆಣವಾಗಿಯೂ ಮಲಗಿದ್ದಾನೆ. ಆ ಹೆಣ ಕೆಮ್ಮಿದ್ದರಿಂದ ದೃಶ್ಯವನ್ನು ಎರಡನೇ ಸಲ ತೆಗೆಯಬೇಕಾಯಿತು ಎಂದು ಅವನಿಗಾಗದವರು ಇವತ್ತಿಗೂ ಹೇಳಿಕೊಂಡು ತಿರುಗುತ್ತಾರೆ.

ಇಷ್ಟೆಲ್ಲ ಮಾಡಿದರೂ ಅವನ ಹೆಸರು ಯಾರ ಬಾಯಿಗೂ ಬರಲಿಲ್ಲ. ಕಾಪು ಪೇಟೆಯಲ್ಲಿ ಜನ ಅವನನ್ನು ನಿಲ್ಲಿಸಿ, ನಿಮ್ಮನ್ನು ಎಲ್ಲೋ ನೋಡಿದ್ದೇನೆ ಎಂದು ಹಣೆ ಉಜ್ಜಿಕೊಳ್ಳುತ್ತಿದ್ದರು. ಸರ್ವೋತ್ತಮ ಎದೆ ಸೆಟೆಸಿ, ಮುಖವನ್ನು ಸ್ವಲ್ಪ ಓರೆ ಮಾಡಿ ಕಾಯುತ್ತಿದ್ದ. ಕೊನೆಗೆ ಅವರು, ಉಡುಪಿ ಕಾರ್ಕಳ ಬಸ್ಸಿನ ಕಂಡಕ್ಟರ್ ಅಲ್ವಾ ಎಂದು ಕೇಳಿ ಅವನ ಎದೆಯ ಗಾಳಿ ಇಳಿಸುತ್ತಿದ್ದರು. ಮನೆಯ ಗೇಟಿಗೆ ‘ಕಲಾವಿದ ಸರ್ವೋತ್ತಮ’ ಎಂದು ಫಲಕ ಹಾಕಿಸಿದ್ದರೂ ಊರಿನವರಿಗೆ ಅದು ಮಲ್ಲಿಗೆ ಬೇಬಿಯ ಮನೆ. ಬೇಬಿ ಅವನ ಹೆಂಡತಿ. ಅವಳು ಹಿತ್ತಲಿನ ಗಿಡಗಳಿಂದ ಮೊಗ್ಗು ಕೊಯ್ದು, ಕಟ್ಟಿ, ಶಂಕರಪುರದ ಹೂ ಮಾರುವ ಕಟ್ಟೆಗೆ ಕಳುಹಿಸಿದರೆ ಮಾತ್ರ ಆ ಮನೆಯಲ್ಲಿ ಕಲೆಗೆ ಊಟ. ಇದನ್ನು ಬೇಬಿ ಒಮ್ಮೆಯೂ ಬಾಯಿಬಿಟ್ಟು ಹೇಳಿದವಳಲ್ಲ. ಗಂಡ ಟಿವಿಯಲ್ಲಿ ಬಂದಾಗ ಹೂ ಕಟ್ಟುವ ಕೈ ನಿಲ್ಲಿಸಿ ನೋಡುತ್ತಿದ್ದಳು, ಅವನು ಮರೆಯಾದ ಕೂಡಲೇ ಮತ್ತೆ ಕಟ್ಟುತ್ತಿದ್ದಳು. ಬಾಳೆನಾರು ಒಣಗುವಷ್ಟು ಹೊತ್ತು ಅವನು ಎಂದೂ ತೆರೆಯ ಮೇಲೆ ಉಳಿದದ್ದಿಲ್ಲ.

ಹಾಗಿರುವಾಗ ಅವನಿಗೆ ಒಂದು ಧಾರಾವಾಹಿಯಲ್ಲಿ ಕಾಯಂ ಪಾತ್ರ ಸಿಕ್ಕಿತು. ಧಾರಾವಾಹಿಯ ಹೆಸರು ಹೇಳಿದರೆ ಚಾನೆಲಿನವರು ಬೇಜಾರು ಮಾಡಿಕೊಂಡಾರು, ಆದ್ದರಿಂದ ಬೇಡ. ಕರಾವಳಿಯ ಕಥೆಯಾದ ಕಾರಣ ಪರ್ಕಳದಲ್ಲಿ ಒಂದು ದೊಡ್ಡ ಮನೆ ಬಾಡಿಗೆಗೆ ಹಿಡಿದು ಅಲ್ಲಿಯೇ ಶೂಟಿಂಗ್ ನಡೆಸುತ್ತಿದ್ದರು. ಸರ್ವೋತ್ತಮನದ್ದು ನಾಯಕಿಯ ಸೋದರಮಾವನ ಪಾತ್ರ. ಸೊಸೆಗಾಗಿ ಪ್ರಾಣವನ್ನೇ ಕೊಡುವಂಥ ಒಳ್ಳೆಯ ಮಾವ.

ಧಾರಾವಾಹಿಯಲ್ಲಿ ಮಾತನ್ನು ಬಾಯಿಪಾಠ ಮಾಡುವ ಪದ್ಧತಿ ಇಲ್ಲ. ಯಾವ ಸೀನ್ ಎಂದು ಗೊತ್ತಾಗುವುದೇ ಆ ದಿನ ಬೆಳಿಗ್ಗೆ. ಕ್ಯಾಮೆರಾದ ಪಕ್ಕದಲ್ಲಿ ಸಹಾಯಕ ನಿರ್ದೇಶಕ ನಿಂತು ಒಂದೊಂದೇ ಮಾತನ್ನು ಓದಿ ಹೇಳುತ್ತಾನೆ, ನಟರು ಅದಕ್ಕೆ ಭಾವ ತುಂಬಿ ಹೇಳುತ್ತಾರೆ. ಇದಕ್ಕೆ ಪ್ರಾಂಪ್ಟಿಂಗ್ ಎನ್ನುತ್ತಾರೆ. ಇಲ್ಲಿ ಆ ಕೆಲಸ ಬಸಯ್ಯನದ್ದು. ಬಸಯ್ಯ ಕೊಪ್ಪಳದ ಕಡೆಯವನು, ಹಣೆಗೆ ವಿಭೂತಿ ಇಲ್ಲದೆ ಹೊರಗೆ ಕಾಲಿಡದವನು, ಪರ್ಕಳದಲ್ಲಿಯೇ ರೂಮು ಮಾಡಿಕೊಂಡಿದ್ದ. ಹಾಳೆಯಲ್ಲಿ ಏನೇ ಬರೆದಿರಲಿ, ಅವನ ಬಾಯಿಯಿಂದ ಬರುವಾಗ ಅದು ಕೊಪ್ಪಳದ್ದಾಗಿಯೇ ಬರುತ್ತಿತ್ತು. ಅವನು ‘ನಿನ್ನ ಬಿಟ್ಟು ನಾ ಎಲ್ಲಿ ಹೋಗ್ಲೆವ್ವಾ’ ಎಂದರೆ ಸರ್ವೋತ್ತಮ ಕಣ್ಣು ತುಂಬಿಕೊಂಡು, ‘ನಿನ್ನನ್ನು ಬಿಟ್ಟು ನಾನು ಎಲ್ಲಿಗೆ ಹೋಗಲಿ ಮಗಳೇ’ ಎನ್ನುತ್ತಿದ್ದ. ದಿನಗಳು ಕಳೆದಂತೆ ಅವನ ಕಿವಿ ಮತ್ತು ಬಾಯಿ ತಮ್ಮತಮ್ಮಲ್ಲೇ ವ್ಯವಹಾರ ಕುದುರಿಸಿಕೊಂಡು, ನಡುವೆ ಇದ್ದ ತಲೆಯನ್ನು ಕೇಳುವುದನ್ನೇ ಬಿಟ್ಟವು. ಒಂದು ದಿನ ಊಟಕ್ಕೆ ಕುಳಿತಾಗ ಬಸಯ್ಯ, ಸಾರಿನ್ಯಾಗ ಉಪ್ಪಿಲ್ಲ ನೋಡ್ರಿ ಎಂದ. ಸರ್ವೋತ್ತಮ ಅನ್ನದ ತಟ್ಟೆ ಹಿಡಿದುಕೊಂಡೇ, ‘ಸಾರಿನಲ್ಲಿ ಉಪ್ಪಿಲ್ಲ ನೋಡಿ’ ಎಂದು ಗದ್ಗದಿತನಾದ. ಅಡುಗೆಯವನು ಬಂದು ಅವನ ಕೈ ಹಿಡಿದುಕೊಂಡ.

ಈಗ ಮುಖ್ಯ ವಿಷಯಕ್ಕೆ ಬರೋಣ. ಸರ್ವೋತ್ತಮನಿಗೆ ನಿಜದಲ್ಲಿಯೂ ಒಬ್ಬಳು ಸೊಸೆ ಇದ್ದಳು. ಪಕ್ಕದ ಮನೆಯಲ್ಲೇ ಇದ್ದ ತಂಗಿ ಜಲಜಳ ಮಗಳು, ಯಶ್ಮಿತಾ. ಜಲಜಳ ಗಂಡ ಬಹರೈನಿನಲ್ಲಿ ಕೆಲಸದಲ್ಲಿದ್ದ, ರಜೆ ಸಿಕ್ಕರೆ ಬರುವವನು. ಹುಡುಗಿಯನ್ನು ಎತ್ತಿ ಆಡಿಸಿದ್ದು, ಶಾಲೆಗೆ ಬಿಟ್ಟದ್ದು, ಜ್ವರ ಬಂದಾಗ ಹೊತ್ತುಕೊಂಡು ಹೋದದ್ದು ಎಲ್ಲ ಈ ಮಾವನೇ. ಅವಳೀಗ ಮಣಿಪಾಲದ ಒಂದು ಲ್ಯಾಬಿನಲ್ಲಿ ಕೆಲಸ ಮಾಡುತ್ತಿದ್ದಳು. ಅಲ್ಲಿಯೇ ಕನ್ನಡಕದ ಅಂಗಡಿ ಇಟ್ಟಿದ್ದ ಕಾರ್ಕಳದ ಪ್ರತೀಕ್ ಎಂಬವನ ಬಳಿ ಒಂದು ಕನ್ನಡಕ ಮಾಡಿಸಲು ಹೋಗಿ, ಅದರ ಸ್ಕ್ರೂ ಬಿಗಿ ಮಾಡಿಸಲೆಂದು ಹಲವು ಸಲ ಹೋಗಿ, ವಿಷಯ ಮದುವೆಯವರೆಗೆ ಬಂದಿತ್ತು. ಪ್ರತೀಕನ ಮನೆಯಲ್ಲಿ ಅವನ ಅಜ್ಜಿ ಮುತ್ತಕ್ಕನ ಮಾತೇ ಕೊನೆ. ಅವರು ಹೂಂ ಎನ್ನದೆ ಆ ಮನೆಯಲ್ಲಿ ಹಲಸಿನಕಾಯಿಯನ್ನೂ ಕೊಯ್ಯುವುದಿಲ್ಲ.

ಹುಡುಗಿ ನೋಡಲು ಕಾರ್ಕಳದವರು ಇನ್ನಂಜೆಗೆ ಬಂದರು. ಹುಡುಗಿ ಮೆಚ್ಚುಗೆಯಾದಳು, ಕಡುಬು ಮೆಚ್ಚುಗೆಯಾಯಿತು. ಹೊರಡುವ ಮೊದಲು ಮುತ್ತಕ್ಕ ಸರ್ವೋತ್ತಮನ ಮುಖವನ್ನು ದಿಟ್ಟಿಸಿ ನೋಡಿದರು. ಅವನು ಮುಖ ಓರೆ ಮಾಡಿ ಕಾದ.

“ನೀವು ನಮ್ಮ ಕಡೆಯ ಬಸ್ಸಿನಲ್ಲಿ ಇದ್ದವರಲ್ವಾ? ಚಿಲ್ಲರೆ ಯಾವತ್ತೂ ಸರಿ ಕೊಡುತ್ತಿದ್ದಿರಿ” ಎಂದರು ಮುತ್ತಕ್ಕ.

ಅಲ್ಲಿಗೆ ಸುಮ್ಮನಿದ್ದಿದ್ದರೆ ಈ ಕಥೆ ಇರುತ್ತಿರಲಿಲ್ಲ. ಬೇಬಿ ಕಣ್ಣಿನಲ್ಲೇ ಬೇಡ ಎಂದಳು. ಆದರೆ ಸರ್ವೋತ್ತಮ ತಾನು ಯಾರು, ಯಾವ ಧಾರಾವಾಹಿ, ಎಷ್ಟು ಗಂಟೆಗೆ ಎಂಬುದನ್ನೆಲ್ಲ ವಿವರಿಸತೊಡಗಿದ. ಆ ಹೊತ್ತಿಗೆ ತಾನು ಬೇರೆ ಚಾನೆಲಿನಲ್ಲಿ ಬೇರೆ ಕಥೆ ನೋಡುವುದೆಂದೂ, ಅಲ್ಲಿಯ ಸೊಸೆ ತುಂಬು ಬಸುರಿಯಾದ್ದರಿಂದ ಈಗ ನಡುವಿನಲ್ಲಿ ಬಿಟ್ಟುಬರುವುದು ಸರಿಯಲ್ಲವೆಂದೂ ಮುತ್ತಕ್ಕ ಹೇಳಿದರು. ಸರ್ವೋತ್ತಮ ಬಿಡಲಿಲ್ಲ. ಅದರಲ್ಲಿ ಇರುವ ಮಾವ ಬೇರೆಯಲ್ಲ, ನಿಮ್ಮ ಎದುರಿಗೆ ನಿಂತಿರುವ ಮಾವ ಬೇರೆಯಲ್ಲ, ಅವನನ್ನು ನೋಡಿದರೆ ನಮ್ಮ ಮನೆತನವನ್ನೇ ನೋಡಿದ ಹಾಗೆ ಎಂದ. ಹಿರಿಯ ಜೀವ, ನೆಂಟಸ್ತನದ ಮರ್ಯಾದೆಗೆ ಕಟ್ಟುಬಿದ್ದು ಒಪ್ಪಿತು. ಬಸುರಿ ಸೊಸೆಯನ್ನು ದೇವರ ಕೈಗೆ ಬಿಟ್ಟು ಚಾನೆಲ್ ಬದಲಿಸಿತು.

ಮುಂದಿನ ವಾರ ಪರ್ಕಳದಲ್ಲಿ ಬಸಯ್ಯ ಹಾಳೆ ಹಿಡಿದುಕೊಂಡು ಬಂದವನು ಸರ್ವೋತ್ತಮನನ್ನು ಬದಿಗೆ ಕರೆದ.

“ಸರ, ಟಿಆರ್‌ಪಿ ಬಿದ್ದೈತಂತ್ರಿ. ನೀವು ಇವತ್ತಿನಿಂದ ಕೆಟ್ಟವ್ರು.”

ಸೋದರಮಾವನನ್ನು ಕೆಡಿಸಬೇಕೆಂದು ಚಾನೆಲಿನಿಂದ ಮಾತು ಬಂದಿತ್ತು. ಸೊಸೆಯ ನಿಶ್ಚಿತಾರ್ಥವನ್ನು ಅವನೇ ಮುರಿಯಬೇಕು. ಹೇಗೆ ಎಂಬುದೇ ಇಲ್ಲಿ ಮುಖ್ಯ. ಕರಾವಳಿಯ ನಿಶ್ಚಿತಾರ್ಥದಲ್ಲಿ ಹುಡುಗಿಯ ಸೋದರಮಾವ ವೀಳ್ಯದ ಹರಿವಾಣ ಹಿಡಿದು, ಇಂಥ ಮನೆತನದ ಹುಡುಗಿಯನ್ನು ಇಂಥ ಮನೆತನಕ್ಕೆ ಕೊಡುತ್ತಿದ್ದೇವೆ ಎಂದು ನಾಲ್ಕು ಜನರ ಎದುರು ಮಾತು ಕೊಡಬೇಕು ಎಂದು ಬೆಂಗಳೂರಿನ ನಿರ್ದೇಶಕರಿಗೆ ಹೇಳಿಕೊಟ್ಟವನು ಸರ್ವೋತ್ತಮನೇ. ಸೆಟ್ಟಿನವರು ಪ್ಲಾಸ್ಟಿಕ್ ವೀಳ್ಯದೆಲೆ ತಂದಾಗ, ಇದು ನಮ್ಮ ಊರಿನ ಮರ್ಯಾದೆಯ ಪ್ರಶ್ನೆ ಎಂದು ಹಠ ಹಿಡಿದು ನಿಜವಾದ ಎಲೆ, ನಿಜವಾದ ಅಡಿಕೆ ತರಿಸಿದವನೂ ಅವನೇ. ನಿರ್ದೇಶಕರಿಗೆ ಆ ಶಾಸ್ತ್ರ ಎಷ್ಟು ಹಿಡಿಸಿತೆಂದರೆ, ಸೋದರಮಾವ ಆ ಹರಿವಾಣವನ್ನು ಕಾಲಿನಿಂದ ಒದೆಯಬೇಕು ಎಂದು ಬರೆಸಿಬಿಟ್ಟರು.

ಸರ್ವೋತ್ತಮ ಆ ಸಾಲನ್ನು ಇನ್ನೊಮ್ಮೆ ಓದಿಸಿ ಕೇಳಿದ. ನಿಮ್ಮ ಕಡೆ ಇದು ನಡೀತೈತೇನ್ರಿ ಎಂದು ಬಸಯ್ಯ ಕೂಡ ಕೇಳಿದ. ಆದರೆ ಅಷ್ಟರಲ್ಲಿ ನಿರ್ದೇಶಕರು ಕ್ಲೋಸಪ್ ವಿಷಯ ತೆಗೆದರು. ಮೊದಲು ಮುಖ, ಆಮೇಲೆ ಎಡಕ್ಕೆ ತಿರುಗಿ ನಿಧಾನವಾಗಿ ಒಂದು ಅರ್ಧ ನಗು, ಆಮೇಲೆ ಕಾಲು, ಪುನಃ ಮುಖ, ಹಿಂದಿನಿಂದ ನಗಾರಿ. ಇಷ್ಟು ವರ್ಷಗಳಲ್ಲಿ ಸರ್ವೋತ್ತಮನ ಮುಖ ಒಂದೇ ಒಂದು ಸಲ ತೆರೆಯ ತುಂಬ ಬಂದದ್ದಿಲ್ಲ. ಪಾಪದವನು ಸೋತ. ಎಷ್ಟು ಚೆನ್ನಾಗಿ ಒದ್ದನೆಂದರೆ ಲೈಟಿನವರು ಚಪ್ಪಾಳೆ ತಟ್ಟಿದರು. ಎಲ್ಲರೂ ಚಹಾಕ್ಕೆ ಹೋದ ಮೇಲೆ ಅವನೊಬ್ಬನೇ ಚೆಲ್ಲಿದ ಎಲೆಗಳನ್ನು ಹೆಕ್ಕಿ ಕಣ್ಣಿಗೆ ಒತ್ತಿಕೊಂಡ.

ಅದು ಪ್ರಸಾರವಾದ ಮರುದಿನದಿಂದ ಸರ್ವೋತ್ತಮ ಬೇಡಿಕೊಂಡದ್ದು ಅವನಿಗೆ ಸಿಕ್ಕಿತು. ಎಲ್ಲರೂ ಗುರುತಿಸಿದರು. ಬಸ್ಸಿನಲ್ಲಿ ಅವನ ಪಕ್ಕ ಕುಳಿತ ಹೆಂಗಸು ಎದ್ದು ಹೋಗಿ ನಿಂತುಕೊಂಡಳು. ಒಂದು ಸರಕಾರಿ ಕಚೇರಿಗೆ ಆದಾಯ ಪ್ರಮಾಣಪತ್ರಕ್ಕೆ ಹೋದರೆ ಅಲ್ಲಿಯ ಗುಮಾಸ್ತರು ಅವನನ್ನು ನಿಲ್ಲಿಸಿಕೊಂಡು, ನಿಮ್ಮನ್ನೇ ನಂಬಿದ ಆ ಸೊಸೆಗೆ ಹೀಗೆ ಮಾಡುವುದಾ ಎಂದು ಎಲ್ಲರ ಎದುರು ಬುದ್ಧಿ ಹೇಳಿ, ನಾಳೆ ಬನ್ನಿ ಎಂದರು. ಶಂಕರಪುರದ ಕಟ್ಟೆಯಲ್ಲಿ ಹೂವಿನ ಹೆಂಗಸರು ಬೇಬಿಯನ್ನು ಕಂಡು ಅಯ್ಯೋ ಪಾಪ ಎಂದು ಅವಳ ಹೂವನ್ನು ಮೊದಲು ತೆಗೆದುಕೊಂಡರು. ನೆರೆಮನೆಯ ಕ್ಲಾರೆನ್ಸ್, ಮುಂಬೈಯ ಹೋಟೆಲಿನಲ್ಲಿ ಕೆಲಸ ಮಾಡಿ ನಿವೃತ್ತನಾಗಿ ಬಂದವನು, ಬೇಲಿಯ ಆಚೆ ನಿಂತು, ನಿನ್ನೆ ಕೈಗೆ ಸಿಗುತ್ತಿದ್ದರೆ ಎರಡು ಬಿಗಿಯುತ್ತಿದ್ದೆ ಮಾರಾಯ ಎಂದು ಅಭಿನಂದಿಸಿದ. ಸರ್ವೋತ್ತಮನಿಗೆ ಇದೆಲ್ಲ ಪ್ರಶಸ್ತಿಯ ಹಾಗೆ ಕಂಡಿತು. ಎರಡು ದಿನ ಅವನ ಕಾಲು ನೆಲದ ಮೇಲೆ ನಿಲ್ಲಲಿಲ್ಲ.

ಮೂರನೆಯ ದಿನ ಕಾರ್ಕಳದಿಂದ ಪ್ರತೀಕನ ತಂದೆಯ ಫೋನ್ ಬಂತು. ಅವರಿಗೆ ಹೇಳಲು ಸಂಕೋಚ, ಹೇಳದಿರಲು ಹೆದರಿಕೆ. ಹುಡುಗಿಯ ವಿಷಯದಲ್ಲಿ ಏನೂ ತಕರಾರಿಲ್ಲವಂತೆ. ಆದರೆ ಹರಿವಾಣವನ್ನು ಆ ಮಾವನ ಕೈಯಿಂದ ತೆಗೆದುಕೊಳ್ಳುವುದಿಲ್ಲ ಎಂದು ಅಮ್ಮ, ಅಂದರೆ ಮುತ್ತಕ್ಕ, ಹಠ ಹಿಡಿದು ಕುಳಿತಿದ್ದಾರಂತೆ. ಬೇರೆ ಯಾರಾದರೂ ಮಾತು ಕೊಡಲಿ, ಇಲ್ಲದಿದ್ದರೆ ಸಂಬಂಧ ಇಲ್ಲಿಗೆ ಬಿಡೋಣ ಎನ್ನುತ್ತಾರಂತೆ.

ಫೋನಿನ ಸ್ಪೀಕರ್ ಹಾಕಿ ಎಲ್ಲರೂ ಸುತ್ತ ನಿಂತಿದ್ದರು. ಅದು ಬರೀ ನಟನೆ ಎಂದು ಅಜ್ಜಿಗೆ ಹೇಳಿ ಎಂದಳು ಜಲಜ. ಆಗ ಮುತ್ತಕ್ಕ ತಾವೇ ಫೋನ್ ತೆಗೆದುಕೊಂಡರು.

“ನಟನೆ ಅಂತ ನನಗೂ ಗೊತ್ತುಂಟು. ನಾನು ಹುಚ್ಚಿಯಲ್ಲ. ಮಾತು ಸುಳ್ಳು, ಸಿಟ್ಟು ಸುಳ್ಳು, ಆ ಹುಡುಗಿಯ ಅಳು ಸಹ ಸುಳ್ಳು. ಆದರೆ ಎಲೆ ನಿಜದ್ದು. ಅಡಿಕೆ ನಿಜದ್ದು. ಕಾಲು ಸಹ ನಿಜದ್ದು. ತಾಗಿದ್ದು ತಾಗಿದ್ದೇ ಅಲ್ವಾ?”

ಇಷ್ಟು ಹೇಳಿ ಅವರು ಫೋನ್ ಇಟ್ಟರು.

ಬೇರೆ ಯಾರನ್ನಾದರೂ ನಿಲ್ಲಿಸೋಣ, ಚಿಕ್ಕಪ್ಪನವರೊಬ್ಬರು ಮೂಲ್ಕಿಯಲ್ಲಿ ಇದ್ದಾರೆ ಎಂದು ಜಲಜ ಮೆಲ್ಲನೆ ಹೇಳಿದಳು. ಯಶ್ಮಿತಾ ಒಪ್ಪಲಿಲ್ಲ. ಅವಳು ಅಳಲಿಲ್ಲ, ಕೂಗಾಡಲಿಲ್ಲ. “ಮಾತು ಕೊಡುವುದಾದರೆ ನನ್ನ ಮಾವನೇ ಕೊಡಬೇಕು. ಇಲ್ಲದಿದ್ದರೆ ನನಗೆ ಮದುವೆಯೇ ಬೇಡ” ಎಂದು ಹೇಳಿ ಕೆಲಸಕ್ಕೆ ಹೋದಳು. ಆದರೆ ಕನ್ನಡಕ ಮರೆತು ಹೋಗಿದ್ದಳು, ಮತ್ತು ಅದನ್ನು ತೆಗೆದುಕೊಂಡು ಹೋಗಲು ಅರ್ಧ ದಾರಿಯಿಂದ ಮರಳಿ ಬಂದಾಗ ಅವಳ ಕಣ್ಣು ಕೆಂಪಾಗಿತ್ತು. ಅದನ್ನು ನೋಡಿದ ಸರ್ವೋತ್ತಮನಿಗೆ ತೆರೆಯ ತುಂಬ ಬಂದ ತನ್ನ ಮುಖದ ಮೇಲೆಯೇ ಹೇಸಿಗೆ ಹುಟ್ಟಿತು. ಅವಳ ಮದುವೆ ತನ್ನಿಂದ ತಪ್ಪಿದರೆ ಈ ಜನ್ಮದಲ್ಲಿ ತಾನು ಯಾವ ಮಾವನ ಪಾತ್ರಕ್ಕೂ ಲಾಯಕ್ಕಲ್ಲ ಎಂದು ಅವನಿಗನ್ನಿಸಿತು.

ಇಂಥ ಹೊತ್ತಿನಲ್ಲಿ ಸರಳ ಮನುಷ್ಯರು ತಪ್ಪಾಯಿತು ಎನ್ನುತ್ತಾರೆ. ಬೇಬಿಯೂ ಅದನ್ನೇ ಹೇಳಿದಳು. ಸರ್ವೋತ್ತಮ ಕಲಾವಿದ. ಅವನು ಮುತ್ತಕ್ಕನಿಗೆ ಫೋನ್ ಮಾಡಿ, ಮುಖ ಮಾತ್ರ ತನ್ನದು, ಕಾಲು ಡೂಪಿನದ್ದು ಎಂದುಬಿಟ್ಟ. ಯಾರ ಕಾಲು ಎಂದು ಅವರು ಕೇಳಿದರು. ಆ ಕ್ಷಣಕ್ಕೆ ನೆನಪಾದದ್ದು ಒಂದೇ ಹೆಸರು.

ಮುತ್ತಕ್ಕ ಸ್ವಲ್ಪ ಯೋಚಿಸಿದರು. ಹಾಗಾದರೆ ಆ ಬಸಯ್ಯನವರನ್ನು ನಿಶ್ಚಿತಾರ್ಥಕ್ಕೆ ಕರೆದುಕೊಂಡು ಬನ್ನಿ, ಕಾಲು ನೋಡಿಯೇ ಮುಂದಿನ ಮಾತು ಎಂದರು. ಟಿವಿಯಲ್ಲಿ ಅದೇ ಒದೆತವನ್ನು ತಿರುಗಿಸಿ ತಿರುಗಿಸಿ ತೋರಿಸಿದ್ದರಲ್ಲ, ಹೆಬ್ಬೆರಳಿನ ಉಗುರು ಕಪ್ಪಾಗಿತ್ತು ಎಂಬುದನ್ನು ಅವರು ಗಮನಿಸಿದ್ದರು. ಸರ್ವೋತ್ತಮ ತನ್ನ ಹೆಬ್ಬೆರಳನ್ನು ನೋಡಿಕೊಂಡ. ಶೂಟಿಂಗಿಗೆ ಮೊದಲೇ ಬೇಬಿಯ ಸ್ಕೂಟರಿನ ಸ್ಟ್ಯಾಂಡ್ ಬಡಿದು ಉಗುರು ನೇರಳೆ ಹಣ್ಣಿನ ಬಣ್ಣಕ್ಕೆ ತಿರುಗಿತ್ತು.

ಬಸಯ್ಯನನ್ನು ಒಪ್ಪಿಸುವುದು ಸುಲಭವಾಗಲಿಲ್ಲ. ವಿಭೂತಿ ಹಚ್ಚುವ ಹಣೆಯವನು, ಹಿರಿಯರ ಎದುರು ಸುಳ್ಳು ಹೇಳುವುದಿಲ್ಲ ಎಂದ. ಯಶ್ಮಿತಾಳ ವಿಷಯ ಕೇಳಿದ ಮೇಲೆ ಅವನ ಮನಸ್ಸು ಕರಗಿತು. ಅವನಿಗೂ ಊರಿನಲ್ಲಿ ಮಗಳಿದ್ದಳು. “ಕಾಲು ಚಾಚಿ ಕುಂದರ್ತೀನ್ರಿ. ಬಾಯಿ ಮಾತ್ರ ತೆರೆಯಂಗಿಲ್ಲ” ಎಂದು ಷರತ್ತು ಹಾಕಿದ. ಮೇಕಪ್ಪಿನವನು ಅವನ ಹೆಬ್ಬೆರಳಿಗೆ ಅಂದವಾಗಿ ಕಪ್ಪು ಬಳಿದ.

ಆದರೆ ಬಾಯಿ ತೆರೆಯುವ ಕೆಲಸವೂ ಬಸಯ್ಯನ ತಲೆಗೇ ಬಂತು. ಹೇಗೆಂದರೆ, ನಿಶ್ಚಿತಾರ್ಥದ ಹಿಂದಿನ ದಿನ ಸರ್ವೋತ್ತಮ ಬೇಬಿಯ ಎದುರು ಹರಿವಾಣದ ಮಾತನ್ನು ಹೇಳಿ ನೋಡಲು ಹೋದಾಗ ಮೊದಲ ಎರಡು ಪದದ ಆಚೆ ನಾಲಿಗೆ ಹೋಗಲೇ ಇಲ್ಲ. ಯಾರೂ ಹೇಳಿಕೊಡದೆ ಇಂಥ ಸಭೆಯ ಮಾತಾಡುವುದನ್ನೇ ಅವನು ಮರೆತಿದ್ದ. ಬಸಯ್ಯ ಹಿಂದಿನಿಂದ ಪಿಸುಗುಟ್ಟಿದರೆ ಮಾತ್ರ ಆದೀತು. ಮಾತು ತುಳುವಿನಲ್ಲಿ ಆಗಬೇಕಿತ್ತು. ಆದರೆ ಬಸಯ್ಯನಿಗೆ ತುಳು ಬಾರದ ಕಾರಣ, ಕಲಾವಿದರ ಮನೆಯ ಸಮಾರಂಭ ಕನ್ನಡದಲ್ಲಿಯೇ ಶೋಭೆ ಎಂದು ಸರ್ವೋತ್ತಮ ಮನೆಯವರಿಗೆಲ್ಲ ಸಾರಿದ.

ನಿಶ್ಚಿತಾರ್ಥದ ದಿನ ಜಲಜಳ ಅಂಗಳದಲ್ಲಿ ಶಾಮಿಯಾನ ಎದ್ದಿತು. ಸರ್ವೋತ್ತಮ ರೇಷ್ಮೆ ಪಂಚೆ, ಶಲ್ಯ, ಮತ್ತು ಪಂಚೆಯ ಕೆಳಗೆ ಬಿಳಿಯ ಸಾಕ್ಸ್ ಧರಿಸಿ ಅತಿಥಿಗಳನ್ನು ಎದುರುಗೊಂಡ. ಮೇ ತಿಂಗಳ ಸೆಕೆಗೆ ಜನ ಬೀಸಣಿಗೆ ಹುಡುಕುತ್ತಿದ್ದರು. ಮುತ್ತಕ್ಕ ವ್ಯಾನಿನಿಂದ ಇಳಿದವರು ಮೊಮ್ಮಗ ಹೊಸತಾಗಿ ಮಾಡಿಕೊಟ್ಟ ಕನ್ನಡಕದಿಂದ ಮೊದಲು ನೋಡಿದ್ದೇ ಆ ಸಾಕ್ಸನ್ನು. ಜ್ವರವಾ ಎಂದು ಕೇಳಿದರು. ವಾತ ಎಂದ ಸರ್ವೋತ್ತಮ. ಬೇಬಿ ಹೂವಿನ ತಟ್ಟೆ ಹಿಡಿದುಕೊಂಡು ಒಳಗೆ ಹೋದಳು.

ಬಸಯ್ಯ ಬಂದಾಗ ಮೆಟ್ಟಿಲ ಬಳಿ ಕೈಕಾಲಿಗೆ ನೀರು ಕೊಡುವ ಕೆಲಸ ಕ್ಲಾರೆನ್ಸ್‌ನದ್ದಾಗಿತ್ತು. ನೀರು ಬೇಡ, ಬೇಡ ಎಂದು ಬಸಯ್ಯ ಹಿಂದೆ ಸರಿದ. ಘಟ್ಟದ ಮೇಲಿನವರಿಗೆ ನಾಚಿಕೆ ಜಾಸ್ತಿ ಎಂದುಕೊಂಡ ಕ್ಲಾರೆನ್ಸ್, ನಮ್ಮಲ್ಲಿ ಅಂಥದ್ದೆಲ್ಲ ಇಲ್ಲ ಎಂದು ಎರಡು ಚೊಂಬು ನೀರನ್ನು ಅವನ ಪಾದದ ಮೇಲೆ ಧಾರಾಳವಾಗಿ ಸುರಿದ.

ಬಸಯ್ಯ ಕಂಬದ ಹಿಂದೆ, ಸರ್ವೋತ್ತಮನಿಗೆ ಕೇಳುವಷ್ಟು ಹತ್ತಿರ, ಕಾಲು ಮಾತ್ರ ಆಚೆ ಕಾಣುವಂತೆ ಚಾಚಿ ಕುಳಿತ. ಮುತ್ತಕ್ಕ ಬಗ್ಗಿ ಆ ಕಾಲನ್ನು ನೋಡಿದರು. ಉಗುರು ಕಪ್ಪಾಗಿತ್ತು. ಅವರು ಏನೂ ಹೇಳದೆ ಚಾಪೆಯ ಮೇಲೆ ಕುಳಿತರು. ಪ್ರತೀಕನ ತಂದೆ ನಿಟ್ಟುಸಿರು ಬಿಟ್ಟರು. ದೀಪ ಹಚ್ಚಿದರು. ಸರ್ವೋತ್ತಮ ಎರಡೂ ಕೈಯಲ್ಲಿ ಹರಿವಾಣ ಹಿಡಿದು ನಿಂತ. ಅಡಿಕೆಗಳು ಹರಿವಾಣದಲ್ಲಿ ಸಣ್ಣಗೆ ಸದ್ದು ಮಾಡುತ್ತಿದ್ದವು.

“ಇನ್ನಂಜಿ ಮನಿತನದ ಮಗಳು ಯಶ್ಮಿತಾನ್ನ” ಎಂದು ಕಂಬ ಪಿಸುಗುಟ್ಟಿತು.

“ಇನ್ನಂಜೆ ಮನೆತನದ ಕನ್ಯೆಯಾದ ಯಶ್ಮಿತಾಳನ್ನು” ಎಂದು ಸರ್ವೋತ್ತಮನ ಕಂಠ ಮೊಳಗಿತು. ನೆರೆದವರು ತಲೆದೂಗಿದರು.

“ಕಾರ್ಕಳದ ಮನಿತನದ ಪ್ರತೀಕಗ.”

“ಕಾರ್ಕಳದ ಮನೆತನದ ಚಿರಂಜೀವಿ ಪ್ರತೀಕನಿಗೆ.”

ಅಷ್ಟರಲ್ಲಿ ಫೋಟೊಗ್ರಾಫರ್ ಅಡ್ಡ ಬಂದ. ಎಷ್ಟಾದರೂ ಬಸಯ್ಯ ಸಹಾಯಕ ನಿರ್ದೇಶಕ, ಸುಮ್ಮನಿರಲಾಗಲಿಲ್ಲ. “ಸ್ವಲ್ಪ ತಡೀರಿ” ಎಂದ.

“ಸ್ವಲ್ಪ ತಾಳಿ” ಎಂದು ಸರ್ವೋತ್ತಮ ಸಭೆಗೆ ಆಜ್ಞೆ ಮಾಡಿದ. ಜನ ಒಬ್ಬರ ಮುಖವನ್ನೊಬ್ಬರು ನೋಡಿಕೊಂಡರು. ಪ್ರತೀಕ್ ಅರ್ಧ ಎದ್ದವನು ಹಾಗೆಯೇ ನಿಂತ.

“ಎಡಕ್ಕ ತಿರುಗ್ರಿ, ಸರ” ಎಂದಿತು ಕಂಬ. ಸರ್ವೋತ್ತಮ ಎಡಕ್ಕೆ ತಿರುಗಿದ. ಎಡಕ್ಕೆ ತಿರುಗಿದ ಮೇಲೆ ಮುಖಕ್ಕೆ ತಾನೇ ಏನು ಗೊತ್ತು, ಪರ್ಕಳದಲ್ಲಿ 'ಎಡಕ್ಕೆ' ಎಂದಾಗ ಮಾಡುವುದನ್ನೇ ಮಾಡಿತು. ತುಟಿಯ ಒಂದು ಕೊನೆ ನಿಧಾನವಾಗಿ ಮೇಲೆದ್ದು, ಹರಿವಾಣ ಹಿಡಿದ ಸೋದರಮಾವ ಅಡುಗೆಮನೆಯತ್ತ ನೋಡಿ ಅರ್ಧ ನಗು ನಕ್ಕ. ಹೆಂಗಸರ ಸಾಲಿನಿಂದ ಯಾರೋ ದೇವರನ್ನು ಕರೆದರು. ಮುತ್ತಕ್ಕ ನೆಟ್ಟಗೆ ಕುಳಿತರು.

ಇತ್ತ ಬಸಯ್ಯನ ಕಣ್ಣು ತನ್ನ ಕಾಲಿನ ಮೇಲೆ ಬಿದ್ದಿತ್ತು. ಕ್ಲಾರೆನ್ಸ್‌ನ ನೀರು ಅಷ್ಟು ಹೊತ್ತಿಗೆ ತನ್ನ ಕೆಲಸ ಮಾಡಿತ್ತು. ಕಪ್ಪು ಕರಗಿ ಚಾಪೆಯ ಕಡೆಗೆ ಹರಿಯತೊಡಗಿತ್ತು. ಅವನು ಗಾಬರಿಯಿಂದ, “ಸರ, ನನ್ನ ಉಗುರಿನ ಬಣ್ಣ ಹೋಗಾಕತ್ತೈತ್ರಿ” ಎಂದ.

“ನನ್ನ ಉಗುರಿನ ಬಣ್ಣ ಹೋಗುತ್ತಿದೆ” ಎಂದು ಸರ್ವೋತ್ತಮ ಸಭೆಯ ಕಡೆಗೆ ತಿರುಗಿ, ಕಣ್ಣು ತುಂಬಿಕೊಂಡು, ಸಾವಧಾನವಾಗಿ ಹೇಳಿದ.

“ಅಯ್ಯೋ, ಅದನ್ನ ಹೇಳಬ್ಯಾಡ್ರಿ.”

“ಅಯ್ಯೋ, ಅದನ್ನು ಹೇಳಬೇಡಿ.”

ಆಮೇಲೆ ಕಂಬದಿಂದ ಯಾವ ಮಾತೂ ಬರಲಿಲ್ಲ. ಮಾತು ಬಾರದ ಕಾರಣ ಸರ್ವೋತ್ತಮನೂ ಬಾಯಿ ತೆರೆದುಕೊಂಡೇ ನಿಂತ. ಏನು ಹೇಳಿದೆ ಎಂಬುದು ಕಿವಿಯಿಂದ ತಲೆಗೆ ಹೋಗಿ ಮುಟ್ಟಲು ಸ್ವಲ್ಪ ಹೊತ್ತು ಬೇಕಾಯಿತು. ಮುಟ್ಟಿದಾಗ ಅವನ ಮುಖದ ಬಣ್ಣವೂ ಹೋಯಿತು.

ಮುತ್ತಕ್ಕ ಎದ್ದರು. ಕಂಬದ ಹಿಂದೆ ಇಣುಕಿದರು. ಬಸಯ್ಯ ಎರಡೂ ಕೈ ಮುಗಿದು, ಕಾಲನ್ನು ಲುಂಗಿಯೊಳಗೆ ಎಳೆದುಕೊಂಡ. ಅವರು ಅಲ್ಲಿಂದ ಬಂದು ಸರ್ವೋತ್ತಮನ ಎದುರು ನಿಂತರು.

“ಸಾಕ್ಸ್ ತೆಗೆಯಿರಿ” ಎಂದರು.

ಕ್ಲಾರೆನ್ಸ್ ಹರಿವಾಣವನ್ನು ಹಿಡಿದುಕೊಂಡ. ಸರ್ವೋತ್ತಮ ಬಗ್ಗಿ ಸಾಕ್ಸ್ ತೆಗೆದ. ಕಪ್ಪು ಉಗುರು ಇನ್ನಂಜೆಯ ಬೆಳಕಿಗೆ ಬಂತು. ಅವನು ತಲೆ ಎತ್ತದೆ ಎಲ್ಲವನ್ನೂ ಒಪ್ಪಿಕೊಂಡ. ಕಾಲು ತನ್ನದೇ, ಎಲೆ ನಿಜದ್ದೇ, ಹಠ ಹಿಡಿದು ತರಿಸಿದ್ದೂ ತಾನೇ. ಮುಖ ದೊಡ್ಡದಾಗಿ ಬರುತ್ತದೆಂಬ ಆಸೆಗೆ ಒದ್ದೆ, ಹುಡುಗಿಯ ಮದುವೆ ತಪ್ಪೀತೆಂಬ ಹೆದರಿಕೆಗೆ ಸುಳ್ಳು ಹೇಳಿದೆ, ಈ ಬಸಯ್ಯ ದೇವರಂಥ ಮನುಷ್ಯ, ಅವನನ್ನು ಬಯ್ಯಬೇಡಿ ಎಂದ. ಯಶ್ಮಿತಾ ಬಾಗಿಲಿನಲ್ಲಿ ನಿಂತು ಸೀರೆಯ ಸೆರಗನ್ನು ಬೆರಳಿಗೆ ಸುತ್ತುತ್ತಿದ್ದಳು. ಇನ್ನೇನು ಕಾರ್ಕಳದವರು ಎದ್ದು ವ್ಯಾನ್ ಹತ್ತುತ್ತಾರೆ ಎಂದು ಜಲಜ ಗೋಡೆಗೆ ಒರಗಿದಳು.

“ಆವತ್ತೇ ತಪ್ಪಾಯಿತು ಅಂತ ಒಂದು ಮಾತು ಹೇಳಿದ್ದರೆ, ದೇವರಿಗೆ ಒಂದು ತಪ್ಪು ಕಾಣಿಕೆ ಹಾಕುವುದರಲ್ಲಿ ಮುಗಿಯುತ್ತಿತ್ತು” ಎಂದರು ಮುತ್ತಕ್ಕ. “ಈ ಸೆಕೆಗೆ ಸಾಕ್ಸ್ ಹಾಕಬೇಕಿತ್ತಾ?”

ಬೇಬಿ ಅಷ್ಟು ಹೊತ್ತಿಗೆ ದೇವರ ಕೋಣೆಯಿಂದ ಕಾಣಿಕೆ ಡಬ್ಬಿ ಹಿಡಿದುಕೊಂಡೇ ಹೊರಬಂದಿದ್ದಳು. ಸರ್ವೋತ್ತಮ ಕಾಲು ತೊಳೆದು ಬಂದು, ಒಂದು ನಾಣ್ಯವನ್ನು ಕಣ್ಣಿಗೆ ಒತ್ತಿ ಡಬ್ಬಿಗೆ ಹಾಕಿ ಅಡ್ಡಬಿದ್ದ. ಕಾಲಿನ ವಿಷಯ ಅಲ್ಲಿಗೆ ಮುಗಿಯಿತು ಎಂದರು ಮುತ್ತಕ್ಕ. ಬಾಯಿಯ ವಿಷಯ ಇನ್ನೂ ಉಂಟು ಎಂದರು.

ಅವನು ಪುನಃ ಹರಿವಾಣ ಹಿಡಿದು ನಿಂತ. ಬಸಯ್ಯ ಅಭ್ಯಾಸಬಲದಿಂದ ಕಂಬದ ಹಿಂದೆ ಸರಿಯತೊಡಗಿದ. ಮುತ್ತಕ್ಕ ಅವನ ಕೈ ಹಿಡಿದು ತಂದು ತಮ್ಮ ಪಕ್ಕದಲ್ಲಿ ಕುಳ್ಳಿರಿಸಿಕೊಂಡರು.

“ಬೇರೆಯವರು ಹೇಳಿಕೊಟ್ಟದ್ದನ್ನು ನಾನು ದಿನಾ ಟಿವಿಯಲ್ಲಿ ಕೇಳುತ್ತೇನೆ. ಇವಳನ್ನು ಎತ್ತಿ ಆಡಿಸಿದವರು ನೀವಲ್ವಾ? ನಿಮ್ಮದೇ ಒಂದು ಮಾತು ಹೇಳಿ. ಒಂದು ಸಾಕು.”

ಸರ್ವೋತ್ತಮ ಕಂಬವನ್ನು ನೋಡಿದ, ಬೇಬಿಯನ್ನು ನೋಡಿದ, ಕೊನೆಗೆ ಯಶ್ಮಿತಾಳನ್ನು ನೋಡಿದ. ತುಟಿ ಅಲುಗಿತು, ದನಿ ಬರಲಿಲ್ಲ. ಇನ್ನೊಮ್ಮೆ ಅಲುಗಿತು. ಆಮೇಲೆ ಬಂದ ಮಾತು ತುಳುವಿನಲ್ಲಿತ್ತು. ಅದರಲ್ಲಿ ಮನೆತನವೂ ಇರಲಿಲ್ಲ, ಚಿರಂಜೀವಿಯೂ ಇರಲಿಲ್ಲ. ಕನ್ನಡದಲ್ಲಿ ಹೇಳುವುದಾದರೆ ಅದು ಇಷ್ಟು.

“ಇವಳಿಗೆ ಗುಡುಗು ಅಂದರೆ ಹೆದರಿಕೆ. ಇಲ್ಲ ಅಂತ ಹೇಳುತ್ತಾಳೆ, ನಂಬಬೇಡಿ. ಹೆದರಿಕೆಯಾ ಅಂತ ಕೇಳಲೂ ಬೇಡಿ, ಅವಳಿಗೆ ಸಿಟ್ಟು ಬರುತ್ತದೆ. ಸುಮ್ಮನೆ ಒಂದು ಲೈಟ್ ಉರಿಯಲು ಬಿಡಿ. ಹತ್ತಿರದ ಕೋಣೆಯಲ್ಲಿ ಯಾರಾದರೂ ಎಂತಾದರೂ ಮಾತಾಡುತ್ತಾ ಇರಿ. ನಾನು ಅಷ್ಟೇ ಮಾಡುತ್ತಿದ್ದದ್ದು. ನಿದ್ರೆ ಬರುತ್ತದೆ ಅವಳಿಗೆ.”

ಅಷ್ಟು ಹೇಳಿ ಅವನು ನಿಂತ. ಯಶ್ಮಿತಾ ಕನ್ನಡಕ ತೆಗೆದು ಸೆರಗಿನಿಂದ ಒರೆಸಿದಳು, ಹಾಕಿಕೊಂಡಳು, ಮತ್ತೆ ತೆಗೆದಳು. ತುಳು ಒಂದಕ್ಷರ ಅರ್ಥವಾಗದ ಬಸಯ್ಯ ಎಲ್ಲರಿಗಿಂತ ಮೊದಲು ಕಣ್ಣೊರೆಸಿಕೊಂಡ.

ಮುತ್ತಕ್ಕ ಮೊಮ್ಮಗನ ಕಡೆಗೆ ತಿರುಗಿದರು.

“ಕೇಳಿದೆಯಲ್ಲ ಪ್ರತೀಕಾ. ನಮ್ಮಲ್ಲಿ ಗುಡುಗು ಬರುವ ಮೊದಲೇ ಕರೆಂಟ್ ಹೋಗುತ್ತದೆ. ನಾಳೆಯೇ ಆ ಇನ್ವರ್ಟರ್ ಸರಿ ಮಾಡಿಸು.”

ಹೀಗೆ ಹೇಳಿ ಅವರು ಸೆರಗು ಹೊದ್ದುಕೊಂಡು ಎದ್ದು ನಿಂತು, ಹರಿವಾಣಕ್ಕಾಗಿ ತಮ್ಮ ಎರಡೂ ಕೈಗಳನ್ನು ಸರ್ವೋತ್ತಮನ ಮುಂದೆ ಚಾಚಿದರು.